ಮಾವನ ಗಂಡಭೇರುಂಡ: ಒಂದು ಸ್ಟಾಪ್ ಮೋಷನ್ ಗೊಂಬೆಯ ರಿಪೇರಿ ದಾಖಲೆ

ಮಲ್ಲೇಶ್ವರದ ಹಳೇ ಮನೆಯನ್ನು ಬಿಲ್ಡರ್‌ಗೆ ಕೊಡುವ ಮೊದಲು ಅಟ್ಟ ಖಾಲಿ ಮಾಡಬೇಕಿತ್ತು. ಮೂಲೆಯಲ್ಲಿ ಒಂದು ತಗಡಿನ ಟ್ರಂಕು. ಮುಚ್ಚಳ ಎತ್ತಿದ ಕೂಡಲೇ ವಿನೆಗರ್ ವಾಸನೆ ಮೂಗಿಗೆ ಹೊಡೆಯಿತು. ಒಳಗೆ ಹಳೇ ಪಂಚೆಯಲ್ಲಿ ಸುತ್ತಿಟ್ಟ ಒಂದು ಗೊಂಬೆ, ನಾಲ್ಕು ಸೂಪರ್ 8 ರೀಲು (8 ಮಿ.ಮೀ. ಅಗಲದ ಸಿನಿಮಾ ಫಿಲ್ಮು), ಒಂದು ಉದ್ದ ನೋಟ್‌ಬುಕ್ಕು, ಒಂದು ಸರ್ಫೇಸ್ ಗೇಜು (ಮುಳ್ಳು ಇಟ್ಟು ಅಳೆಯುವ ಸಾಧನ), ಗಾಜಿನ ಬಾಟಲಿಯಲ್ಲಿ ಒಂದು ಹಿಡಿ ಬೇರಿಂಗ್ ಗುಂಡು.

ಗೊಂಬೆ ಗಂಡಭೇರುಂಡದ್ದು. ಎರಡು ತಲೆ, ಎರಡು ರೆಕ್ಕೆ, ಮೈಗೆಲ್ಲ ಕೋಳಿಗರಿ. ನಮ್ಮ ಸೋದರಮಾವ ಮಾಡಿದ್ದು. ಅವರು ಜಾಲಹಳ್ಳಿಯ ಎಚ್‌ಎಂಟಿ ವಾಚ್ ಫ್ಯಾಕ್ಟರಿಯ ಟೂಲ್‌ರೂಮಿನಲ್ಲಿದ್ದರು. 1982ರಿಂದ 84ರವರೆಗೆ ಭಾನುವಾರ ಭಾನುವಾರ ಹಿತ್ತಲ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಈ ಗೊಂಬೆಯನ್ನು ಒಂದೊಂದೇ ಕೂದಲೆಳೆಯಷ್ಟು ಜರುಗಿಸಿ ಒಂದೊಂದೇ ಫ್ರೇಮ್ ಫಿಲ್ಮ್ ತೆಗೆಯುತ್ತಿದ್ದರು. ಸ್ಟಾಪ್ ಮೋಷನ್ ಅಂದರೆ ಇದೇ. "ಈ ಕಡೆ ಓಡಬೇಡ್ರೋ, ನೆಲ ಅಲ್ಲಾಡುತ್ತೆ" ಅಂತ ಒಳಗಿಂದ ಕೂಗುತ್ತಿದ್ದದ್ದು ನನಗೆ ಈಗಲೂ ನೆನಪಿದೆ. ಚಿತ್ರ ಮುಗಿಯಲಿಲ್ಲ. ಮಾವ ಹೋಗಿ ಎಂಟು ವರ್ಷ ಆಯಿತು.

ನೋಟ್‌ಬುಕ್ಕಿನ ಮೊದಲ ಪುಟದಲ್ಲೇ ಅಮೆರಿಕದ ಸ್ಟಾಪ್ ಮೋಷನ್ ಕಲಾವಿದ ರೇ ಹ್ಯಾರಿಹೌಸೆನ್ ಹೆಸರಿದೆ. ಅವರ 1958ರ ಸಿಂದಬಾದ್ ಚಿತ್ರದಲ್ಲಿ ಎರಡು ತಲೆಯ ರಾಕ್ ಹಕ್ಕಿ ಬರುತ್ತದೆ. ಎರಡು ತಲೆಯ ಹಕ್ಕಿ ಅಂದರೆ ನಮ್ಮದೇ ಅಲ್ವಾ ಅಂತ ಮಾವನಿಗೆ ಅನ್ನಿಸಿರಬೇಕು. ಹ್ಯಾರಿಹೌಸೆನ್ ಗೊಂಬೆಗಳ ಲೋಹದ ಅಸ್ಥಿಪಂಜರ ಮಾಡಿಕೊಡುತ್ತಿದ್ದದ್ದು ಅವರ ಅಪ್ಪ ಫ್ರೆಡ್, ಮೆಷಿನಿಸ್ಟ್. ಈ ಮಾತನ್ನು ಮಾವ ಕೆಳಗೆ ಎರಡು ಗೆರೆ ಎಳೆದು ಬರೆದಿಟ್ಟಿದ್ದಾರೆ.

ಇದನ್ನು ಸುಮ್ನೆ ಮನೆಯ ನೆನಪು ಅಂತ ಷೋಕೇಸಿನಲ್ಲಿ ಇಡಬಹುದಿತ್ತು. ನನಗೆ ಮನಸ್ಸಾಗಲಿಲ್ಲ. 1915ರಲ್ಲಿ ದಾದಾಸಾಹೇಬ್ ಫಾಲ್ಕೆ ಬೆಂಕಿಕಡ್ಡಿಗಳನ್ನು ಜರುಗಿಸಿ ಒಂದು ಚಿತ್ರ ಮಾಡಿದ್ದರು. ನಮ್ಮ ದೇಶದ ಮೊದಮೊದಲ ಸ್ಟಾಪ್ ಮೋಷನ್ ಕೆಲಸ ಅದು. ಇವತ್ತು ಅದರ ಪ್ರಿಂಟ್ ಉಳಿದಿಲ್ಲ. 1933ರ ಕಿಂಗ್ ಕಾಂಗ್ ಗೊಂಬೆಗಳ ಚರ್ಮ ಪುಡಿಯಾಗಿ ಹೋಗಿ ಲೋಹದ ಮೂಳೆ ಮಾತ್ರ ಉಳಿದಿದೆ. 2005ರ ಅಕ್ಟೋಬರಿನಲ್ಲಿ ಬ್ರಿಸ್ಟಲ್‌ನ ಆರ್ಡ್‌ಮನ್ ಸ್ಟಾಪ್ ಮೋಷನ್ ಸ್ಟುಡಿಯೋದ ಗೋದಾಮಿಗೆ ಬೆಂಕಿ ಬಿದ್ದು ದಶಕಗಳ ಸೆಟ್ಟು, ಗೊಂಬೆ ಸುಟ್ಟು ಹೋದವು. ಈ ಕಲೆಯ ಚರಿತ್ರೆ ಇರೋದೇ ರಬ್ಬರ್, ಹತ್ತಿ, ಫಿಲ್ಮ್‌ನಲ್ಲಿ. ಮೂರೂ ಬೇಗ ಹಾಳಾಗುವ ಸಾಮಾನು. ನನ್ನ ಕೈಯಲ್ಲಿರುವ ತುಂಡನ್ನಾದರೂ ಸರಿಯಾಗಿ ನೋಡಿಕೊಳ್ಳೋಣ ಅಂತ ಶುರು ಮಾಡಿದೆ.

ಜೂನ್ 8, 2024: ಮುಟ್ಟುವ ಮೊದಲು ಫೋಟೋ

ಮೊದಲ ದಿನ ಏನನ್ನೂ ರಿಪೇರಿ ಮಾಡಲಿಲ್ಲ. ಊಟದ ಮೇಜಿನ ಮೇಲೆ ಬಿಳಿ ಬೆಡ್‌ಷೀಟ್ ಹಾಸಿ, ಪಕ್ಕದಲ್ಲಿ ಸ್ಟೀಲ್ ಸ್ಕೇಲ್ ಇಟ್ಟು 143 ಫೋಟೋ ತೆಗೆದೆ. ಅರ್ಧದಷ್ಟು ಟಾರ್ಚನ್ನು ಓರೆಯಾಗಿ ಹಿಡಿದು ತೆಗೆದದ್ದು. ಹಾಗೆ ಹಿಡಿದರೆ ಮೇಲ್ಮೈಯ ಸಣ್ಣ ಗುಳಿ, ಗೀರು ಎಲ್ಲ ಎದ್ದು ಕಾಣುತ್ತವೆ.

ಅಳತೆ: ಎತ್ತರ 28 ಸೆಂ.ಮೀ., ರೆಕ್ಕೆ ಬಿಚ್ಚಿದರೆ ತುದಿಯಿಂದ ತುದಿಗೆ 34 ಸೆಂ.ಮೀ., ತೂಕ 412 ಗ್ರಾಂ. ಚರ್ಮ ಹತ್ತಿಯ ಮೇಲೆ ಪದರ ಪದರವಾಗಿ ಬಳಿದ ಲೇಟೆಕ್ಸ್. ಕಿಂಗ್ ಕಾಂಗ್ ಗೊಂಬೆ ಕಟ್ಟಿದ ಮಾರ್ಸೆಲ್ ಡೆಲ್ಗಾಡೊ ಕೂಡ ಅಸ್ಥಿಪಂಜರದ ಮೇಲೆ ಹತ್ತಿಯ ಮಾಂಸಖಂಡ ಕಟ್ಟಿಯೇ ರಬ್ಬರ್ ಹೊದಿಸುತ್ತಿದ್ದರು. ಇಲ್ಲಿ ಎದೆಯ ಭಾಗ ಇನ್ನೂ ಮೆತ್ತಗಿದೆ. ಬೆನ್ನು ಹಪ್ಪಳದ ಹಾಗೆ ಗಟ್ಟಿಯಾಗಿ ಬಿರುಕು ಬಿಟ್ಟಿದೆ. ಎಡಗಾಲಿನ ಪಾದದ ಕೀಲು ಜಾಮ್ ಆಗಿದೆ, ಪಾದ ಹೊರಕ್ಕೆ ತಿರುಚಿಕೊಂಡಿದೆ.

ಅದೇ ಕೀಲಿನ ಮೇಲ್ಗಡೆ ಲೇಟೆಕ್ಸ್‌ನಲ್ಲಿ ಒಂದು ಬೆರಳಚ್ಚು ಇತ್ತು. ಹಸಿ ಇದ್ದಾಗ ಹೆಬ್ಬೆರಳಿನಿಂದ ಒತ್ತಿ ಕೂರಿಸಿದ್ದಾರೆ. ಗೆರೆಗಳು ಸ್ಪಷ್ಟ. ನಡುವೆ ಒಂದು ಓರೆ ಗಾಯದ ಗುರುತು. ಮಾವನಿಗೆ ಲೇತ್‌ನಲ್ಲಿ ಆದ ಗಾಯ ಅದು, ನಮಗೆಲ್ಲ ಗೊತ್ತಿದ್ದದ್ದು. ಹತ್ತಿರದಿಂದ ಐದು ಫೋಟೋ ತೆಗೆದೆ.

ಜೂನ್ 9: ಬೇರೆ ಬೇರೆ ಡಬ್ಬಿ

ವಿನೆಗರ್ ವಾಸನೆ ಬರುತ್ತಿದ್ದದ್ದು ಫಿಲ್ಮಿನಿಂದ. ಅಸಿಟೇಟ್ ಫಿಲ್ಮ್ ಹಳೆಯದಾದಾಗ ಒಳಗಿಂದಲೇ ಅಸಿಟಿಕ್ ಆಸಿಡ್ ಬಿಡುತ್ತದೆ. ಮುಚ್ಚಿದ ಟ್ರಂಕಿನಲ್ಲಿ ಆ ಆಸಿಡ್ ಎಲ್ಲಿಗೆ ಹೋಗಬೇಕು? ಗೊಂಬೆಯ ಕೀಲುಗಳಿಗೇ ತಾನೆ. ತುಕ್ಕು ಜಾಸ್ತಿ ಇರುವುದು ರೀಲುಗಳ ಕಡೆಗಿದ್ದ ಎಡಭಾಗದಲ್ಲೇ.

ರೀಲುಗಳನ್ನು ಒಂದೊಂದು ರಟ್ಟಿನ ಪೆಟ್ಟಿಗೆಗೆ ಹಾಕಿ ಬೇರೆ ಕೋಣೆಯಲ್ಲಿ ಗಾಳಿಯಾಡುವಂತೆ ಇಟ್ಟೆ. ಮನೆಯಲ್ಲಿ ಹಳೇ ಸಿನಿಮಾ ರೀಲು ಇದ್ದವರು ಈ ಒಂದು ಕೆಲಸವನ್ನಾದರೂ ಇವತ್ತೇ ಮಾಡಿ. ತಗಡಿನ ಡಬ್ಬಿಯಿಂದ ಹೊರಗೆ ತೆಗೆಯಿರಿ. ಲೋಹದ ಸಾಮಾನಿನ ಜೊತೆ ಇಡಬೇಡಿ.

ಉದುರಿದ್ದ 11 ಗರಿಗಳಲ್ಲಿ ಹುಳದ ತೂತು ಕಂಡಿತು. ಅವನ್ನು ಮಾತ್ರ ಜಿಪ್ ಕವರಿಗೆ ಹಾಕಿ ಎರಡು ವಾರ ಡೀಪ್ ಫ್ರೀಜರಿಗೆ. ಗೊಂಬೆಯನ್ನು ಫ್ರೀಜರಿಗೆ ಹಾಕಲಿಲ್ಲ. ಮೊದಲೇ ಬಿರುಕು ಬಿಟ್ಟ ರಬ್ಬರ್ ಆ ಚಳಿಗೆ ಇನ್ನೂ ಸೀಳಬಹುದು.

ಜೂನ್ 15: ಎಕ್ಸ್‌-ರೇ

ಒಳಗಿನ ಅಸ್ಥಿಪಂಜರ ನೋಡದೆ ಕೀಲಿಗೆ ಕೈ ಹಾಕುವುದು ಬೇಡ ಅನ್ನಿಸಿತು. ಮನೆ ಹತ್ತಿರದ ಪಶುವೈದ್ಯರ ಕ್ಲಿನಿಕ್‌ನಲ್ಲಿ ಕೇಳಿದೆ. ಬೆಕ್ಕಿಗೆ ಇಡುವ ಸೆಟ್ಟಿಂಗ್‌ನಲ್ಲೇ ಎರಡು ಎಕ್ಸ್‌-ರೇ ತೆಗೆದರು. 700 ರೂಪಾಯಿ. ರಸೀದಿಗೆ ಹೆಸರು ಬೇಕಲ್ವಾ ಅಂತ ಕೇಳಿ "ಭೇರುಂಡ" ಅಂತ ಬರೆದುಕೊಂಡರು.

ಫಿಲ್ಮ್ ಬೆಳಕಿಗೆ ಹಿಡಿದಾಗ ಮಾವನ ಕೈಕೆಲಸ ಪೂರ್ತಿ ಕಂಡಿತು. ಒಟ್ಟು 23 ಬಾಲ್ ಜಾಯಿಂಟ್. ಎರಡು ಪಟ್ಟಿಗಳ ನಡುವೆ ಗುಂಡು, ನಡುವೆ ಬಿಗಿ ಮಾಡುವ ಸ್ಕ್ರೂ. ಕುತ್ತಿಗೆ ಒಂದಕ್ಕೆ ನಾಲ್ಕು ಕೀಲು. ಕೊಕ್ಕು ತೆರೆಯುವ ಹಿಂಜಿಗೆ ವಾಚಿನ ಸ್ಕ್ರೂ ಹಾಕಿದ್ದಾರೆ, ಅಕ್ಕಿಕಾಳಿಗಿಂತ ಚಿಕ್ಕದು. ಎಡ ಪಾದದಲ್ಲಿ ಒಂದು ಪಟ್ಟಿ ಸ್ಕ್ರೂ ತೂತಿನ ಹತ್ತಿರ ಮುರಿದಿದೆ. ಗುಂಡು ಒಂದು ಪಕ್ಕಕ್ಕೆ ಜಾರಿ ತುಕ್ಕಿನಲ್ಲಿ ಕಚ್ಚಿಕೊಂಡಿದೆ.

ಜೂನ್ 22: ನಾನು ಮಾಡಿದ ದೊಡ್ಡ ತಪ್ಪು

ಇದನ್ನು ವಿವರವಾಗಿ ಬರೆಯುತ್ತೇನೆ. ಬೇರೆ ಯಾರೂ ಮಾಡಬಾರದು.

ಕೀಲಿನ ಪಕ್ಕ ಚರ್ಮ ಮೊದಲೇ 2 ಸೆಂ.ಮೀ. ಹರಿದಿತ್ತು. ಆ ಸಂದಿಯಿಂದ ತುಕ್ಕು ಬಿಡಿಸುವ ಸ್ಪ್ರೇಯನ್ನು ಸ್ಟ್ರಾ ಹಾಕಿ ಎರಡು ಸಲ ಒತ್ತಿದೆ. ಹತ್ತು ನಿಮಿಷಕ್ಕೆ ಕೀಲು ಸ್ವಲ್ಪ ಅಲ್ಲಾಡಿತು. ಖುಷಿಯಾಗಿ ಬಟ್ಟೆಯಲ್ಲಿ ಒರೆಸಿ ಮಲಗಿದೆ.

ಸೋಮವಾರ ಸಂಜೆ ನೋಡಿದರೆ ಕೀಲಿನ ಸುತ್ತ ಲೇಟೆಕ್ಸ್ ಉಬ್ಬಿ, ಬೆಲ್ಲದ ಪಾಕದ ಹಾಗೆ ಅಂಟಂಟಾಗಿತ್ತು. ಚಿಮುಟದಿಂದ ಮುಟ್ಟಿದ ಕೂಡಲೇ ಸುಮಾರು ಒಂದೂವರೆ ಸೆಂ.ಮೀ. ಅಗಲದ ತುಂಡು ಕಳಚಿ ಬಂತು. ಬೆರಳಚ್ಚು ಇದ್ದ ತುಂಡೇ ಅದು. ಗೆರೆಗಳೆಲ್ಲ ಕರಗಿ ನುಣ್ಣಗಾಗಿದ್ದವು.

ಲೇಟೆಕ್ಸ್ ಅಂದರೆ ಮರದ ರಬ್ಬರು. ಪೆಟ್ರೋಲಿಯಂ ಎಣ್ಣೆ ತಾಗಿದರೆ ಹೀರಿಕೊಂಡು ಉಬ್ಬುತ್ತದೆ. ಟ್ಯೂಬಿಗೆ ಎಣ್ಣೆ ಮುಟ್ಟಿಸಬಾರದು ಅಂತ ಪಂಕ್ಚರ್ ಅಂಗಡಿಯ ಹುಡುಗನಿಗೂ ಗೊತ್ತು. ನನಗೂ ಗೊತ್ತಿತ್ತು. ಕೀಲಿನ ಮೇಲೇ ಕಣ್ಣಿಟ್ಟು ಚರ್ಮವನ್ನು ಮರೆತೆ. 40 ವರ್ಷ ಆ ಟ್ರಂಕಿನಲ್ಲಿ ಉಳಿದಿದ್ದ ಗುರುತು ನನ್ನ ಕೈಯಲ್ಲಿ ಎರಡು ದಿನ ಉಳಿಯಲಿಲ್ಲ. ಅವತ್ತು ರಾತ್ರಿ ನನಗೆ ಊಟ ಸೇರಲಿಲ್ಲ.

ಉಳಿದ ಎಣ್ಣೆಯನ್ನು ಒಣ ಟಿಶ್ಯೂ ಪೇಪರ್ ಒತ್ತಿ ಒತ್ತಿ ಎಳೆದೆ. ಉಜ್ಜಲಿಲ್ಲ. ಕಳಚಿದ ತುಂಡನ್ನು ಗಾಜಿನ ಚಿಕ್ಕ ಬಾಟಲಿಗೆ ಹಾಕಿ ತಾರೀಖು, ಕಾರಣ, ಯಾರಿಂದ ಆಯಿತು ಎಲ್ಲ ಬರೆದು ಅಂಟಿಸಿದೆ.

ಜೂನ್ 30: ಜಾಲಹಳ್ಳಿ

ಮಾವನ ಜೊತೆ ಟೂಲ್‌ರೂಮಿನಲ್ಲಿದ್ದ ಒಬ್ಬರು ಈಗಲೂ ಮನೆಯ ಗ್ಯಾರೇಜಿನಲ್ಲಿ ಒಂದು ಚಿಕ್ಕ ಲೇತ್ ಇಟ್ಟುಕೊಂಡಿದ್ದಾರೆ. ವಯಸ್ಸು 78. ಎಕ್ಸ್‌-ರೇಯನ್ನು ಕಿಟಕಿಗೆ ಹಿಡಿದು ತುಂಬ ಹೊತ್ತು ನೋಡಿದರು.

"ಈ ಪಟ್ಟಿ ನೋಡಮ್ಮ, ಮೂಲೆ ಮೂಲೆ ಫೈಲ್ ಹಾಕಿ ದುಂಡಗೆ ಮಾಡಿದಾನೆ. ಒಳಗಡೆ ಇರೋದಕ್ಕೆ ಯಾರು ಮಾಡ್ತಾರೆ ಇಷ್ಟು?"

"ಚರ್ಮ ಹರಿಯಬಾರದು ಅಂತ ಮಾಡಿರಬಹುದು ಅಂಕಲ್."

"ಅದೂ ಹೌದು. ಆದ್ರೆ ಅವನು ಹಾಗೇನೇ. ಕಾಣದೇ ಇರೋ ಕಡೆನೂ ಫಿನಿಶಿಂಗ್ ಬಿಡ್ತಿರಲಿಲ್ಲ."

ಕೆಲಸ ಹೀಗೆ ಆಯಿತು. ಹರಿದ ಸಂದಿಯಿಂದಲೇ ಸ್ಕ್ರೂ ಬಿಚ್ಚಿ ಮುರಿದ ಪಟ್ಟಿ ಹೊರಗೆ ತೆಗೆದೆವು. ಹೊಸದಾಗಿ ಚರ್ಮ ಕತ್ತರಿಸಲಿಲ್ಲ. ತುಕ್ಕನ್ನು ಬಿದಿರು ಕಡ್ಡಿಯ ತುದಿಗೆ ಹತ್ತಿ ಸುತ್ತಿ, ಐಸೊಪ್ರೊಪೈಲ್ ಆಲ್ಕೋಹಾಲಿನಲ್ಲಿ ಅದ್ದಿ ಒರೆಸಿದೆ. ಈ ಸಲ ಚರ್ಮದ ಅಂಚಿಗೆ ಪ್ಲಾಸ್ಟಿಕ್ ಹಾಳೆ ಮುಚ್ಚಿಕೊಂಡು.

ಹಳೇ ಗುಂಡು ಒಂದು ಕಡೆ ಗುಳಿ ಬಿದ್ದಿತ್ತು. ಮಾವನ ಬಾಟಲಿಯಿಂದಲೇ 6 ಮಿ.ಮೀ. ಗುಂಡು ತೆಗೆದುಕೊಂಡೆವು. ಬೇರಿಂಗ್ ಗುಂಡು ತುಂಬ ಗಟ್ಟಿ. ನಾನು ನೇರವಾಗಿ ಡ್ರಿಲ್ ಮಾಡಲು ಹೋಗಿ 2.5 ಮಿ.ಮೀ.ನ ಎರಡು ಡ್ರಿಲ್ ಬಿಟ್ ಮುರಿದೆ, 160 ರೂಪಾಯಿ ಹೋಯಿತು. ಅಂಕಲ್ ಗುಂಡನ್ನು ಬೆಸುಗೆ ಟಾರ್ಚಿನ ಬೆಂಕಿಯಲ್ಲಿ ಕೆಂಪಗೆ ಕಾಯಿಸಿ ಬೂದಿಯಲ್ಲಿ ಹೂತಿಟ್ಟರು. ನಿಧಾನವಾಗಿ ಆರಿದ ಮೇಲೆ ಬೆಣ್ಣೆಯ ಹಾಗೆ ಕೊರೆಯಿತು. ಕೀಲಿನ ಸರಳನ್ನು ಆ ತೂತಿಗೆ ತೂರಿಸಿ ಸಿಲ್ವರ್ ಬ್ರೇಜಿಂಗ್ (ಬೆಳ್ಳಿ ಬೆಸುಗೆ) ಮಾಡಿದರು. ಹೊಸ ಪಟ್ಟಿಗೆ 1.5 ಮಿ.ಮೀ. ಮೈಲ್ಡ್ ಸ್ಟೀಲ್. ಗುಂಡು ಕೂರಲು 5 ಮಿ.ಮೀ. ತೂತು. ತೂತು ಗುಂಡಿಗಿಂತ ಚಿಕ್ಕದಿದ್ದರೆ ಗುಂಡು ಅದರ ಅಂಚಿನ ಮೇಲೆ ಕೂತು ಎಲ್ಲ ಕಡೆ ಒಂದೇ ಬಿಗಿಯಲ್ಲಿ ತಿರುಗುತ್ತದೆ.

ನಾನು ಒಂದು ಮಾತು ಕೇಳಿಕೊಂಡೆ. ಹೊಸ ಪಟ್ಟಿಯ ಮೇಲೆ ಪಂಚಿನಿಂದ 2024 ಅಂತ ಗುದ್ದಿ ಕೊಡಿ ಅಂತ. ಮುಂದೆ ಯಾರಾದರೂ ಬಿಚ್ಚಿ ನೋಡಿದರೆ ಇದು ಮಾವ ಮಾಡಿದ್ದಲ್ಲ ಅಂತ ತಿಳಿಯಬೇಕು. ಮುರಿದ ಪಟ್ಟಿಯನ್ನೂ ಗುಳಿ ಬಿದ್ದ ಗುಂಡನ್ನೂ ಎಸೆಯಲಿಲ್ಲ. ಕವರಿನಲ್ಲಿ ಹೆಸರು ಬರೆದು ಇಟ್ಟಿದ್ದೇನೆ. ದುಡ್ಡು ಕೊಡಲು ಹೋದರೆ ಅಂಕಲ್ ತೆಗೆದುಕೊಳ್ಳಲಿಲ್ಲ.

ಜುಲೈ 13, 14: ಚರ್ಮ

ಬೆನ್ನಿನ ಬಿರುಕುಗಳಿಂದ ಚಕ್ಕೆ ಏಳುತ್ತಿದ್ದವು. ಯಾವ ಅಂಟು ಹಾಕುವುದು? ಎಲ್ಲವನ್ನೂ ಮೊದಲು ಉದುರಿದ್ದ ಚೂರುಗಳ ಮೇಲೆ ನೋಡಿದೆ. ಜೂನ್ 22ರ ನಂತರ ನೇರವಾಗಿ ಗೊಂಬೆಯ ಮೇಲೆ ಏನನ್ನೂ ಹಾಕಿಲ್ಲ.

ಇನ್‌ಸ್ಟಂಟ್ ಅಂಟು: ಗಾಜಿನ ಹಾಗೆ ಗಟ್ಟಿಯಾಯಿತು. ಸ್ವಲ್ಪ ಬಗ್ಗಿಸಿದರೆ ಅಂಟಿದ ಜಾಗ ಬಿಟ್ಟು ಪಕ್ಕದಲ್ಲಿ ಮುರಿಯಿತು. ಬಿಳಿ ಮಬ್ಬು ಬೇರೆ. ರಬ್ಬರ್ ಸೊಲ್ಯೂಷನ್: ಚೂರಿನ ಬಣ್ಣವನ್ನು ಎಬ್ಬಿಸಿತು. ಎರಡೂ ಬೇಡ.

ಕೊನೆಗೆ ಹಿಡಿದದ್ದು ಮೀಥೈಲ್ ಸೆಲ್ಯುಲೋಸ್, ನೀರಿನಲ್ಲಿ ಕರಗುವ ಅಂಟಿನ ಪುಡಿ. 100 ಮಿ.ಲೀ. ನೀರಿಗೆ 2 ಗ್ರಾಂ. ರಾತ್ರಿ ನೆನೆಯಲು ಬಿಟ್ಟರೆ ತೆಳ್ಳಗಿನ ಗಂಜಿಯಂತೆ ಆಗುತ್ತದೆ. ಬಲ ಕಡಿಮೆ. ಅದೇ ಬೇಕಿತ್ತು. ಎಳೆದಾಡಿದರೆ ಅಂಟು ಬಿಡಬೇಕು, ಹಳೇ ಚರ್ಮ ಹರಿಯಬಾರದು. ಮುಂದೆ ಇದಕ್ಕಿಂತ ಒಳ್ಳೇ ದಾರಿ ಸಿಕ್ಕರೆ ನೀರು ತಾಗಿಸಿ ತೆಗೆಯಲೂಬಹುದು. ಜಪಾನಿ ಟಿಶ್ಯೂವನ್ನು (ತೆಳ್ಳಗಿನ, ಗಟ್ಟಿ ನಾರಿನ ಕಾಗದ) ಕೈಯಲ್ಲಿ ಹರಿದು, ಅಂಚು ನಾರುನಾರಾಗಿರುವಂತೆ, ಬಿರುಕಿನ ಒಳಗಡೆಯಿಂದ ಸಣ್ಣ ತೇಪೆ ಕೂರಿಸಿದೆ. 31 ತೇಪೆ, ಎರಡು ದಿನ. ಒಂದೊಂದಕ್ಕೂ ನಂಬರ್ ಕೊಟ್ಟು ಫೋಟೋದ ಮೇಲೆ ಗುರುತು ಹಾಕಿದೆ.

ಎಡಗಾಲಿನ ಮೇಲೆ ನಾನು ಮಾಡಿದ ಗಾಯವನ್ನು ಹೊಸ ಲೇಟೆಕ್ಸ್ ಹಾಕಿ ಮುಚ್ಚಬಹುದಿತ್ತು. "ಮುಚ್ಚಿಬಿಡೇ, ನೋಡಕ್ಕಾಗಲ್ಲ" ಅಂತ ಅಮ್ಮ ಎರಡು ಸಲ ಹೇಳಿದರು. ನಾನು ಮುಚ್ಚಲಿಲ್ಲ. ಅಲ್ಲಿ ಮಾವನ ಪಟ್ಟಿ, 2024ರ ಪಟ್ಟಿ ಎರಡೂ ಕಾಣುತ್ತವೆ. ಕಾಣಲಿ.

ಫ್ರೀಜರಿನಿಂದ ತೆಗೆದ ಗರಿಗಳಲ್ಲಿ 8ಕ್ಕೆ ಜಾಗ ಗೊತ್ತಾಯಿತು, ಮೊದಲ ದಿನದ ಫೋಟೋದಲ್ಲಿ ತೊಟ್ಟಿನ ತೂತು ಕಾಣುತ್ತಿತ್ತು. ಉಳಿದ 3 ಕವರಿನಲ್ಲಿವೆ. ಅಂದಾಜಿನ ಮೇಲೆ ಚುಚ್ಚಲು ಮನಸ್ಸು ಬರಲಿಲ್ಲ.

ಜುಲೈ 20ರಿಂದ ಆಗಸ್ಟ್ 15: ಫಿಲ್ಮ್ ಸ್ಕ್ಯಾನರ್

ಮೊದಲ ಪ್ರಯತ್ನ ಒಂದು ಹಳೇ ಪ್ರೊಜೆಕ್ಟರ್, ಪರಿಚಯದವರಿಂದ ಎರವಲು. ರೀಲ್ 1ರ ತುದಿ ಹಾಕಿ ಸ್ವಿಚ್ ಒತ್ತಿದೆ. ಎರಡು ಸೆಕೆಂಡಿಗೆ ಟರ್ ಅಂತ ಸದ್ದು. ಆಫ್ ಮಾಡುವಷ್ಟರಲ್ಲಿ ಪ್ರೊಜೆಕ್ಟರಿನ ಹಲ್ಲು ಕೂರುವ ಫಿಲ್ಮಿನ ಅಂಚಿನ ಮೂರು ತೂತು ಹರಿದಿದ್ದವು. ಪುಣ್ಯಕ್ಕೆ ಚಿತ್ರ ಶುರುವಾಗುವ ಮೊದಲಿನ ಖಾಲಿ ಫಿಲ್ಮು ಅದು.

ಕಾರಣ ಅಳೆದಾಗ ತಿಳಿಯಿತು. ಸೂಪರ್ 8ರಲ್ಲಿ ಒಂದು ಫ್ರೇಮಿಗೆ 4.234 ಮಿ.ಮೀ. ಅಂದರೆ 100 ಫ್ರೇಮಿಗೆ 423.4 ಮಿ.ಮೀ. ಇರಬೇಕು. ರೀಲ್ 2 ಅಳೆದರೆ 419.6. ರೀಲ್ 3 ಅಳೆದರೆ 417.1. ಅಂದರೆ ಒಂದು 0.9%, ಇನ್ನೊಂದು 1.5% ಕುಗ್ಗಿದೆ. ಕೇಳಲು ಏನೂ ಅಲ್ಲ. ಪ್ರೊಜೆಕ್ಟರಿನ ಹಲ್ಲಿಗೆ ಅಷ್ಟು ಸಾಕು. ಯಾರಾದರೂ ಹಳೇ ರೀಲನ್ನು "ಸುಮ್ನೆ ಒಂದ್ಸಲ ಓಡಿಸಿ ನೋಡೋಣ" ಅಂದರೆ ಕೊಡಬೇಡಿ. ಮೊದಲು ಸ್ಕೇಲ್ ಇಟ್ಟು ಅಳೆಯಿರಿ.

ಹಾಗಾಗಿ ಹಲ್ಲೇ ಇಲ್ಲದ ಸ್ಕ್ಯಾನರ್ ಕಟ್ಟಿದೆ. ಎಲೆಕ್ಟ್ರಾನಿಕ್ ಸಾಮಾನು ಸಿಗುವ ಎಸ್.ಪಿ. ರಸ್ತೆಗೆ ನಾಲ್ಕು ಸಲ ಹೋದೆ. ರಾಸ್ಪ್‌ಬೆರಿ ಪೈ 4 (ಅಂಗೈಯಗಲದ ಕಂಪ್ಯೂಟರ್), ಅದರ ಎಚ್‌ಕ್ಯೂ ಕ್ಯಾಮೆರಾ, ಹೆಜ್ಜೆ ಹೆಜ್ಜೆಯಾಗಿ ತಿರುಗುವ ಒಂದು ನೆಮಾ 17 ಸ್ಟೆಪರ್ ಮೋಟರು, ಅದನ್ನು ನಡೆಸುವ ಎ4988 ಡ್ರೈವರು. ಲೆನ್ಸು ಫೋಟೋ ದೊಡ್ಡದು ಮಾಡುವ ಹಳೇ ಎನ್‌ಲಾರ್ಜರಿನ 50 ಮಿ.ಮೀ. ಲೆನ್ಸು, ತಿರುಗಿಸಿ ಹಾಕಿದ್ದು. ಕ್ಯಾಮೆರಾದ ಸೆನ್ಸರ್ 6.3 × 4.7 ಮಿ.ಮೀ., ಸೂಪರ್ 8 ಚಿತ್ರ 5.8 × 4 ಮಿ.ಮೀ. ಹತ್ತಿರ ಹತ್ತಿರ ಒಂದಕ್ಕೊಂದು ಅಳತೆ. ಲೆನ್ಸಿನ ಎರಡೂ ಕಡೆ ಸುಮಾರು 10 ಸೆಂ.ಮೀ. ಅಂತರ ಕೊಟ್ಟರೆ ಸೆನ್ಸರ್ ತುಂಬ ಚಿತ್ರ ಬರುತ್ತದೆ.

ಫಿಲ್ಮ್ ಹಾದುಹೋಗುವ ಗೇಟನ್ನು ಥ್ರೀಡಿ ಪ್ರಿಂಟ್ ಮಾಡಿಸಿದೆ. ಒಂದಕ್ಕೆ 450. ಮೊದಲನೆಯದರ ಪದರದ ಗೆರೆಗಳು ಫಿಲ್ಮನ್ನು ಗೀರುತ್ತಿದ್ದವು. ಖಾಲಿ ಫಿಲ್ಮಿನಲ್ಲಿ ಪರೀಕ್ಷೆ ಮಾಡಿದ್ದರಿಂದ ಬಚಾವಾದೆ. ಎರಡನೆಯದು 8 ಮಿ.ಮೀ. ಅಗಲಕ್ಕೆ ಸರಿಯಾಗಿ ಮಾಡಿಸಿದ್ದು, ಬಾಗಿದ ಫಿಲ್ಮು ಒಳಗೇ ಸಿಕ್ಕಿಕೊಂಡಿತು. ಮೂರನೆಯದಕ್ಕೆ 8.2 ಮಿ.ಮೀ. ಕೊಟ್ಟೆ, ಚಿತ್ರ ಬರುವ ಜಾಗದಲ್ಲಿ ತಗ್ಗು ಮಾಡಿಸಿ ಅಂಚು ಮಾತ್ರ ತಾಗುವಂತೆ ಮಾಡಿದೆ. ಅದು ಕೆಲಸ ಮಾಡಿತು.

ಫಿಲ್ಮನ್ನು ಎಳೆಯುವುದು 20 ಮಿ.ಮೀ. ರಬ್ಬರ್ ರೋಲರು. ಸುತ್ತಳತೆ 62.83 ಮಿ.ಮೀ., ಮೋಟರಿಗೆ ಒಂದು ಸುತ್ತಿಗೆ 3200 ಮೈಕ್ರೋಸ್ಟೆಪ್ (ಸಣ್ಣ ಹೆಜ್ಜೆ). ಲೆಕ್ಕದ ಪ್ರಕಾರ ಫ್ರೇಮಿಗೆ 216. ಹಾಕಿ ಓಡಿಸಿದೆ. 47ನೇ ಫ್ರೇಮಿನ ಹೊತ್ತಿಗೆ ಚಿತ್ರ ಅರ್ಧ ಫ್ರೇಮಿನಷ್ಟು ಜಾರಿತ್ತು. ಕುಗ್ಗಿದ ಫಿಲ್ಮಿಗೆ 213.7 ಬೇಕಿತ್ತು, ಅದೂ ರೀಲಿನ ಉದ್ದಕ್ಕೂ ಒಂದೇ ಸಮ ಇಲ್ಲ. ಕೊನೆಗೆ ಲೆಕ್ಕ ಬಿಟ್ಟೆ. ಪ್ರತಿ ಫ್ರೇಮಿನಲ್ಲೂ ಕ್ಯಾಮೆರಾ ತೂತನ್ನು ನೋಡಿ, ಎಷ್ಟು ಜಾರಿದೆ ಅಂತ ಕಂಡುಕೊಂಡು, ಮುಂದಿನ ಹೆಜ್ಜೆಯನ್ನು ಅಷ್ಟು ಹೆಚ್ಚು ಕಡಿಮೆ ಮಾಡುವಂತೆ ಒಂದು ಪ್ರೋಗ್ರಾಂ ಪೈಥಾನ್‌ನಲ್ಲಿ ಬರೆದೆ. ಆಮೇಲೆ ಜಾರಲಿಲ್ಲ.

ಬೆಳಕು: ಮೊದಲು ಹಾಕಿದ ಎಲ್‌ಇಡಿ ಪಟ್ಟಿಗೆ ಡಿಮ್ಮರ್ ಇತ್ತು. ಫೋಟೋದಲ್ಲಿ ಅಡ್ಡ ಪಟ್ಟೆ ಬಂದವು. ಡಿಮ್ಮರ್ ತೆಗೆದು ನೇರ ಡಿಸಿ ಕೊಟ್ಟು, ಮೇಲೆ ಹಾಲುಬಣ್ಣದ ಅಕ್ರಿಲಿಕ್ ತುಂಡು ಇಟ್ಟೆ. ಸರಿಹೋಯಿತು.

ಒಂದು ಫ್ರೇಮಿಗೆ ಎರಡೂವರೆ ಸೆಕೆಂಡು. ಒಂದು ರೀಲಿಗೆ ಎರಡೂವರೆ ಗಂಟೆ. ಒಂದು ಫ್ರೇಮು 18 ಎಂಬಿ, ಒಂದು ರೀಲು 65 ಜಿಬಿ.

ಆಗಸ್ಟ್ 17: ಇನ್ನೊಂದು ತಪ್ಪು

ರೀಲ್ 1 ಲಾಲ್‌ಬಾಗಿನ ಫಲಪುಷ್ಪ ಪ್ರದರ್ಶನ, ಅತ್ತೆ, ನಮ್ಮಜ್ಜಿ. ರೀಲ್ 2ರಲ್ಲಿ ಗಂಡಭೇರುಂಡ. 3,587 ಫ್ರೇಮು, ಚೊಕ್ಕವಾಗಿ ಬಂತು. ತುಂಬ ಚೊಕ್ಕ.

ನೋಟ್‌ಬುಕ್ ಪಕ್ಕದಲ್ಲಿಟ್ಟುಕೊಂಡು ನೋಡಿದೆ. ಮಾವ ಎರಡೆರಡು ಫ್ರೇಮಿಗೆ ಒಂದು ಸಾಲು ಬರೆದಿದ್ದಾರೆ. "612: ಎಡ ತಲೆ 2, ಬಲ ತಲೆ 1, ರೆಕ್ಕೆ ಇಲ್ಲ." ಸರ್ಫೇಸ್ ಗೇಜಿನ ಮುಳ್ಳನ್ನು ಕೊಕ್ಕಿನ ತುದಿಗೆ ಇಟ್ಟು ಎಷ್ಟು ಜರುಗಿತು ಅಂತ ಮಿಲಿಮೀಟರಿನಲ್ಲಿ ಅಳೆಯುತ್ತಿದ್ದರು. ಹಳೇ ಕಾಲದ ಸ್ಟಾಪ್ ಮೋಷನ್‌ನವರು ಬಳಸುತ್ತಿದ್ದದ್ದೂ ಇದೇ ಗೇಜು. ನಡುವೆ ಅಲ್ಲಲ್ಲಿ ಬೇರೆ ಸಾಲುಗಳು. "ವೋಲ್ಟೇಜ್ ಇಳಿತು. 10 ನಿಮಿಷ ನಿಲ್ಲಿಸಿದೆ." "ಮತ್ತೆ ಇಳಿತು. ನಿಲ್ಲಿಸಲಿಲ್ಲ."

ವೋಲ್ಟೇಜ್ ಇಳಿದ ಫ್ರೇಮುಗಳು ಮಂಕಾಗಿರಬೇಕು ಅಲ್ವಾ? ನನ್ನ ಸ್ಕ್ಯಾನಿನಲ್ಲಿ ಎಲ್ಲವೂ ಒಂದೇ ಬೆಳಕು. ಆಗ ಹೊಳೆಯಿತು. ಕ್ಯಾಮೆರಾದ ಆಟೋ ಎಕ್ಸ್‌ಪೋಶರ್ ಆನ್ ಇತ್ತು. ಮಂಕಾದ ಫ್ರೇಮನ್ನೆಲ್ಲ ಅದೇ ಬೆಳಗಿಸಿ ಬಿಟ್ಟಿತ್ತು. 1983ರ ಮಲ್ಲೇಶ್ವರದ ಕರೆಂಟು ಏರಿಳಿದದ್ದು ಫಿಲ್ಮಿನಲ್ಲಿ ಇತ್ತು, ನನ್ನ ಯಂತ್ರ ಅದನ್ನು ಅಳಿಸಿತ್ತು. ಎಕ್ಸ್‌ಪೋಶರ್, ವೈಟ್ ಬ್ಯಾಲೆನ್ಸ್ ಎರಡನ್ನೂ ಲಾಕ್ ಮಾಡಿ ರೀಲ್ 1, 2 ಮತ್ತೆ ಮೊದಲಿಂದ ಸ್ಕ್ಯಾನ್ ಮಾಡಿದೆ.

ಕಿಂಗ್ ಕಾಂಗ್ ನೋಡಿದವರಿಗೆ ಗೊತ್ತು, ಕಾಂಗ್‌ನ ರೋಮ ಸುಮ್ಮನೆ ನಿಂತಾಗಲೂ ಮಿಸುಕಾಡುತ್ತದೆ. ಪ್ರತಿ ಫ್ರೇಮಿಗೂ ಕೈ ತಾಗಿ ರೋಮ ಆ ಕಡೆ ಈ ಕಡೆ ಬಿದ್ದದ್ದು ಅದು. ಅದನ್ನು ಒರೆಸಿ ಹಾಕಿದರೆ ಕಾಂಗ್ ಅಲುಗಾಡಿಸಿದವರ ಕೈಯೂ ಹೋಗುತ್ತದೆ. ಮಾವನ ಫಿಲ್ಮಿನ ಮಿನುಗೂ ಹಾಗೇ. ಮೂಲ ಪ್ರತಿಯಲ್ಲಿ ಒಂದು ಗೀರನ್ನೂ ತೆಗೆಯಲಿಲ್ಲ. ಟಿವಿಯಲ್ಲಿ ನೋಡಲು ಅತ್ತೆಗೆ ಬೇರೆ ಪ್ರತಿ ಮಾಡಿಕೊಟ್ಟೆ, ಅದರಲ್ಲಿ ಮಿನುಗು ಕಡಿಮೆ ಮಾಡಿದ್ದೇನೆ.

ಆಗಸ್ಟ್ 25: 1850ನೇ ಫ್ರೇಮು

ನೋಟ್‌ಬುಕ್ಕಿನ ಎಣಿಕೆಗೂ ನನ್ನ ಎಣಿಕೆಗೂ ನಾಲ್ಕು ಫ್ರೇಮು ವ್ಯತ್ಯಾಸ. ಅಷ್ಟು ಕಳೆದರೆ ಎಲ್ಲ ಸಾಲುಗಳೂ ಹೊಂದುತ್ತವೆ.

ನೋಟ್‌ಬುಕ್ಕಿನಲ್ಲಿ 1846ರ ಎದುರು ಹೀಗಿದೆ: "ಕೈ ಬಂತು. ಬಿಟ್ಟೆ."

ನನ್ನ 1850 ತೆಗೆದೆ. ಬಲಗಡೆ ಅಂಚಿನಿಂದ ಒಂದು ಹೆಬ್ಬೆರಳು, ಒಂದೇ ಫ್ರೇಮು, ಎಡ ಪಾದವನ್ನು ಹಿಡಿದು ನಿಂತಿದೆ. ಪೂರ್ತಿ ಫೋಕಸ್‌ನಲ್ಲಿಲ್ಲ. ಆದರೂ ಓರೆ ಗಾಯದ ಗೆರೆ ಕಾಣುತ್ತದೆ. ಸೆಕೆಂಡಿಗೆ 18 ಫ್ರೇಮಿನ ವೇಗದಲ್ಲಿ ಓಡಿಸಿದರೆ ಒಂದು ಮಿಂಚಿನಷ್ಟು ಹೊತ್ತು. ಅಮ್ಮನಿಗೆ ತೋರಿಸಿದೆ. ಅವರು ಅಲ್ಲೇ ನಿಲ್ಲಿಸು ಅಂದರು. ಅಣ್ಣನ ಬೆರಳನ್ನು ಸ್ಕ್ರೀನಿನ ಮೇಲೆ ಒಂದು ಸಲ ಮುಟ್ಟಿದರು.

ಜೂನ್ 8ರ ಐದು ಫೋಟೋಗಳನ್ನು ಇದರ ಪಕ್ಕದಲ್ಲೇ ಒಂದು ಫೋಲ್ಡರಿಗೆ ಹಾಕಿದ್ದೇನೆ. ಲೇಟೆಕ್ಸ್‌ನಲ್ಲಿದ್ದ ಅಚ್ಚು ಇನ್ನು ಆ ಫೋಟೋದಲ್ಲಿ ಮಾತ್ರ ಇದೆ.

ಸೆಪ್ಟೆಂಬರ್ 8: ಪೆಟ್ಟಿಗೆ, ಖರ್ಚು, ಬಾಕಿ

ಗಣೇಶನ ಹಬ್ಬದ ಮರುದಿನ ಗೊಂಬೆಯನ್ನು ಹೊಸ ಪೆಟ್ಟಿಗೆಯಲ್ಲಿ ಮಲಗಿಸಿದೆ. ಆಸಿಡ್ ಇಲ್ಲದ ರಟ್ಟು, ಕುತ್ತಿಗೆ ಮತ್ತು ರೆಕ್ಕೆಯ ಕೆಳಗೆ ಪಾಲಿಥೀನ್ ಫೋಮಿನ ಆಸರೆ. ನಿಲ್ಲಿಸಿ ಇಡುವುದಿಲ್ಲ, ಭಾರವೆಲ್ಲ ಪಾದದ ಕೀಲಿಗೆ ಬೀಳುತ್ತದೆ. ಆಗಸ್ಟಿನಲ್ಲಿ ಕೋಣೆಯ ತೇವ 78% ಇತ್ತು. ಮುಚ್ಚಿದ ಪ್ಲಾಸ್ಟಿಕ್ ಡಬ್ಬಿಯೊಳಗೆ ಪೆಟ್ಟಿಗೆ ಇಟ್ಟು, ತೇವ ಹೀರುವ ಸಿಲಿಕಾ ಜೆಲ್ ಹಾಕಿ, ಈಗ 48%ಕ್ಕೆ ನಿಂತಿದೆ. ಬಣ್ಣ ಬದಲಾದಾಗ ಜೆಲ್ ಬಿಸಿ ಮಾಡಿ ಮತ್ತೆ ಹಾಕಬೇಕು. ಸ್ಕ್ಯಾನ್ ಆದ ರೀಲುಗಳು ಎರಡು ಕವರಿನೊಳಗೆ ಫ್ರಿಜ್ಜಿನಲ್ಲಿವೆ. ಹೊರಗೆ ತೆಗೆದರೆ ಒಂದು ದಿನ ಕವರ್ ಬಿಚ್ಚಬಾರದು, ನೀರು ಕೂರುತ್ತದೆ.

ಖರ್ಚು: ಸ್ಕ್ಯಾನರಿಗೆ 15,520. ಗೊಂಬೆಗೆ, ಎಕ್ಸ್‌-ರೇ ಮತ್ತು ಮುರಿದ ಡ್ರಿಲ್ ಬಿಟ್ ಎರಡೂ ಸೇರಿ, 2,610. ಪೆಟ್ಟಿಗೆ, ಜೆಲ್, ತೇವ ಅಳೆಯುವ ಎರಡು ಮೀಟರಿಗೆ 1,890. ಹಾರ್ಡ್ ಡಿಸ್ಕ್ ಎರಡಕ್ಕೆ 9,200. ಒಟ್ಟು 29,220. ಒಂದು ಡಿಸ್ಕ್ ನನ್ನ ಹತ್ತಿರ, ಇನ್ನೊಂದು ಮೈಸೂರಿನಲ್ಲಿ ಅಕ್ಕನ ಮನೆಯಲ್ಲಿ. ನೋಟ್‌ಬುಕ್ಕಿನ ಎಲ್ಲ ಪುಟಗಳೂ ಅದರಲ್ಲಿವೆ. ನೋಟ್‌ಬುಕ್ ಇಲ್ಲದೆ ಫಿಲ್ಮು ಅರ್ಧ ಮಾತ್ರ.

ರೀಲ್ 3 ನಿಧಾನವಾಗಿ, ಎರಡು ಕಡೆ ಕೈಯಲ್ಲೇ ತಳ್ಳಿ, ಮುಗಿಯಿತು. ರೀಲ್ 4 ಆಗಿಲ್ಲ. ವಾಸನೆ ಅದರಲ್ಲೇ ಜಾಸ್ತಿ. ಹೊರಗಿನ ಸುತ್ತುಗಳು ಒಂದಕ್ಕೊಂದು ಅಂಟಿಕೊಂಡಿವೆ. ಒಂದು ಸಲ ಉಗುರಿನಿಂದ ಎತ್ತಿ ನೋಡಿದೆ. ಎಮಲ್ಷನ್ (ಚಿತ್ರ ಇರುವ ಪದರ) ಏಳುವ ಸದ್ದು ಬಂತು, ಬಿಟ್ಟುಬಿಟ್ಟೆ. ಫೆಬ್ರವರಿಯಲ್ಲಿ ಗಾಳಿ ಒಣಗಿದ ಮೇಲೆ, ಫಿಲ್ಮ್ ಸಂರಕ್ಷಣೆ ಬಲ್ಲವರನ್ನು ಕೇಳಿಕೊಂಡೇ ಮುಂದಿನ ಹೆಜ್ಜೆ. ಅಲ್ಲಿಯವರೆಗೆ ಅದಕ್ಕೆ ಕೈ ಹಾಕುವುದಿಲ್ಲ.

ನೋಟ್‌ಬುಕ್ಕಿನ ಕೊನೆಯ ಬರಹ ಅದರದ್ದೇ. "ರೀಲ್ 4. ಎರಡೂ ತಲೆ ಒಟ್ಟಿಗೆ ತಿರುಗಬೇಕು. ಬೆಳಿಗ್ಗೆ 6ಕ್ಕೆ ಶುರು, ಆಗ ವೋಲ್ಟೇಜ್ ಸರಿ ಇರುತ್ತೆ."